ಕಿವಿಯಿಂದ ನೋಡುವ ಸಿನಿಮಾ



ಮುಂದೆ ಓದುವ ಮೊದಲು ಒಂದು ಸಣ್ಣ ಪ್ರಯೋಗ ಮಾಡಿ. ಕುಳಿತಲ್ಲೇ ಕಣ್ಣು ಮುಚ್ಚಿ, ಒಂದು ನಿಮಿಷ ಸುತ್ತಲಿನ ಸದ್ದುಗಳನ್ನು ಎಣಿಸಿ. ತಲೆಯ ಮೇಲೆ ತಿರುಗುವ ಫ್ಯಾನು, ಅಡುಗೆಮನೆಯ ಕುಕ್ಕರ್, ಬೀದಿಯಲ್ಲಿ ಹಾದುಹೋದ ಆಟೋ, ಪಕ್ಕದ ಮನೆಯ ಟೀವಿ, ಎಲ್ಲೋ ಬೊಗಳಿದ ನಾಯಿ. ಏಳೆಂಟಾದರೂ ಸಿಗುತ್ತವೆ. ಕಣ್ಣು ಮುಚ್ಚುವ ಮೊದಲು ಇವುಗಳಲ್ಲಿ ಎಷ್ಟು ನಿಮ್ಮ ಗಮನದಲ್ಲಿದ್ದವು? ಎಲ್ಲವೂ ಕಿವಿಗೆ ಬೀಳುತ್ತಲೇ ಇದ್ದವು. ನೀವು ಮಾತ್ರ ಅವನ್ನು ಕೇಳುತ್ತಿರಲಿಲ್ಲ.

ಕಣ್ಣಿಗೆ ರೆಪ್ಪೆಯಿದೆ, ಕಿವಿಗೆ ಇಲ್ಲ. ರೆಪ್ಪೆಯ ಕೆಲಸವನ್ನು ಕಿವಿಯ ಪರವಾಗಿ ಮಿದುಳು ಮಾಡುತ್ತದೆ. ಮದುವೆಯ ಮನೆಯಲ್ಲಿ ಓಲಗ ಊದುತ್ತಿರುತ್ತದೆ, ಮಕ್ಕಳು ಕಿರುಚುತ್ತಿರುತ್ತಾರೆ, ಆದರೂ ಎದುರಿಗಿರುವ ಗೆಳೆಯನ ಮಾತು ನಿಮಗೆ ಅರ್ಥವಾಗುತ್ತದೆ. ಬೇಕಾದುದನ್ನು ಆರಿಸಿ ಬೇಡವಾದುದನ್ನು ಹಿಂದಕ್ಕೆ ತಳ್ಳುವ ಜಾಣತನ ಮಿದುಳಿಗಿದೆ. ಮೈಕಿಗೆ ಆ ಜಾಣತನವಿಲ್ಲ. ಸಂತೆಯಲ್ಲಿ ಸೊಪ್ಪು ಮಾರುವ ಅಜ್ಜಿಯ ಮಾತನ್ನು ಮುದ್ರಿಸಿಕೊಂಡು ಬಂದು ಸ್ಟುಡಿಯೋದಲ್ಲಿ ಕೇಳಿದರೆ, ಅಜ್ಜಿಯ ಮಾತಿನಷ್ಟೇ ಗಟ್ಟಿಯಾಗಿ ಲಾರಿಯ ಹಾರ್ನೂ ಕೇಳಿಸುತ್ತದೆ. ಸಂತೆಯಲ್ಲಿ ನಿಂತಿದ್ದಾಗ ಆ ಹಾರ್ನು ನಮ್ಮ ಗಮನಕ್ಕೇ ಬಂದಿರುವುದಿಲ್ಲ. ಕಾರ್ಯಕ್ರಮ ತಯಾರಿಸುವ ನಮ್ಮಂಥವರಿಗೆ ಇದು ದಿನನಿತ್ಯದ ಅನುಭವ.

ಹಾಗಾದರೆ ಸಿನಿಮಾದಲ್ಲಿ ಈ ಆರಿಸುವ ಕೆಲಸವನ್ನು ಮಾಡುವವರು ಯಾರು? ಯಾವ ಸದ್ದು ಇರಬೇಕು, ಯಾವುದು ಬೇಡ, ಯಾವುದು ಹತ್ತಿರದಿಂದ ಬರಬೇಕು, ಯಾವುದು ದೂರದಿಂದ ಎಂದು ನಿರ್ಧರಿಸುವವರನ್ನು ಧ್ವನಿ ವಿನ್ಯಾಸಕರು ಎನ್ನುತ್ತೇವೆ. ಚಿತ್ರದ ಹೆಸರುಪಟ್ಟಿಯಲ್ಲಿ ಅವರ ಹೆಸರು ಬರುವ ಹೊತ್ತಿಗೆ ನಾವು ಚಿತ್ರಮಂದಿರದಿಂದ ಹೊರಗೆ ಬಂದಿರುತ್ತೇವೆ. ಈ ಕಲೆಯನ್ನು ಅರಿಯಲು ಇರಾನಿನ ಸಿನಿಮಾ, ಅದರಲ್ಲೂ ಅಬ್ಬಾಸ್ ಕಿಯರೊಸ್ತಮಿ ಅವರ ಚಿತ್ರಗಳು, ಒಂದು ಒಳ್ಳೆಯ ಪಾಠಶಾಲೆ.

ಇರಾನಿನ ಅಧಿಕೃತ ಭಾಷೆಯಾದ ಫಾರಸಿಯಲ್ಲಿ ಈ ಕೆಲಸಗಳಿಗೆ ಸೊಗಸಾದ ಹೆಸರುಗಳಿವೆ. 'ಸೆದಾ' ಎಂದರೆ ಸದ್ದು, ದನಿ. ಚಿತ್ರೀಕರಣದ ಸ್ಥಳದಲ್ಲಿ ಮೈಕು ಹಿಡಿದು ಸದ್ದನ್ನು ಸಂಗ್ರಹಿಸುವವರು 'ಸೆದಾಬರ್ದಾರ್', ಅಂದರೆ ಸದ್ದನ್ನು ಎತ್ತಿಕೊಳ್ಳುವವರು. ಆಮೇಲೆ ಸ್ಟುಡಿಯೋದಲ್ಲಿ ಕುಳಿತು ಚಿತ್ರಕ್ಕೆ ಸದ್ದನ್ನು ಜೋಡಿಸುವವರು 'ಸೆದಾಗೊಜಾರ್', ಸದ್ದನ್ನು ಇಡುವವರು. ಸಂಗೀತ ರಚಿಸುವವರು 'ಆಹಂಗ್‌ಸಾಜ್'. ಎತ್ತಿಕೊಳ್ಳುವುದು, ಇಡುವುದು, ರಚಿಸುವುದು: ಮೂರೂ ಬೇರೆ ಬೇರೆ ವಿದ್ಯೆಗಳು. ಒಳ್ಳೆಯ ಚಿತ್ರದಲ್ಲಿ ಒಂದು ಎಲ್ಲಿ ಮುಗಿಯಿತು, ಇನ್ನೊಂದು ಎಲ್ಲಿ ಶುರುವಾಯಿತು ಎಂದು ಹೇಳುವುದು ಕಷ್ಟ.

ಇರಾನಿನ ಮಾತಿನ ಚಿತ್ರದ ಕಥೆ ನಮ್ಮ ದೇಶದಲ್ಲೇ ಆರಂಭವಾಯಿತು ಎಂಬುದು ನಿಮಗೆ ಅಚ್ಚರಿ ತರಬಹುದು. 1931ರಲ್ಲಿ ಭಾರತದ ಮೊದಲ ಮಾತಿನ ಚಿತ್ರ 'ಆಲಂ ಆರಾ' ತಯಾರಿಸಿದ ಅರ್ದೇಶಿರ್ ಇರಾನಿ ಅವರೇ, ಅಬ್ದುಲ್ ಹುಸೇನ್ ಸೆಪಂತಾ ಅವರೊಡನೆ ಸೇರಿ, ಫಾರಸಿಯ ಮೊದಲ ಮಾತಿನ ಚಿತ್ರ 'ದೊಖ್ತರ್-ಎ-ಲೋರ್' ಅನ್ನು ಮುಂಬಯಿಯಲ್ಲಿ ತಯಾರಿಸಿದರು. ಅದು 1933ರಲ್ಲಿ ತೆರೆ ಕಂಡಿತು. ನಮ್ಮ ಕನ್ನಡದ ಮೊದಲ ಮಾತಿನ ಚಿತ್ರ 'ಸತಿ ಸುಲೋಚನ' ಬಂದದ್ದು ಮರುವರ್ಷ, 1934ರಲ್ಲಿ. ಅಂದರೆ ಫಾರಸಿ ಸಿನಿಮಾವೂ ಕನ್ನಡ ಸಿನಿಮಾವೂ ಮಾತು ಕಲಿತದ್ದು ಹೆಚ್ಚುಕಡಿಮೆ ಒಂದೇ ಕಾಲದಲ್ಲಿ.

ಅನಂತರ ದಶಕಗಳ ಕಾಲ ಇರಾನಿನಲ್ಲಿ, ನಮ್ಮಲ್ಲಿಯಂತೆಯೇ, ಸಂಭಾಷಣೆಯನ್ನು ಸ್ಟುಡಿಯೋದಲ್ಲಿ ಡಬ್ ಮಾಡುವುದು ವಾಡಿಕೆಯಾಗಿತ್ತು. ಸ್ಟುಡಿಯೋದಲ್ಲಿ ಆಡಿದ ಮಾತು ಸ್ವಚ್ಛವಾಗಿರುತ್ತದೆ, ಆದರೆ ಅದಕ್ಕೆ ಊರು ಕೇರಿ ಇರುವುದಿಲ್ಲ. ಗುಡ್ಡದ ಮೇಲೆ ನಿಂತು ಕೂಗಿದರೂ ನಾಲ್ಕು ಗೋಡೆಯ ನಡುವೆ ಕೂಗಿದಂತೆ ಕೇಳುತ್ತದೆ. ಸ್ಥಳದಲ್ಲೇ ಧ್ವನಿ ಮುದ್ರಿಸುವ ಪದ್ಧತಿ ಬಲವಾದ ಮೇಲೆ ಇರಾನಿನ ಚಿತ್ರಗಳಲ್ಲಿ ಗಾಳಿ, ಕೋಳಿ, ಮೋಟಾರು, ಮಕ್ಕಳ ಪಿಸುಮಾತು ಎಲ್ಲವೂ ಒಳಕ್ಕೆ ಬಂದವು.

ಕಿಯರೊಸ್ತಮಿ ಹುಟ್ಟಿದ್ದು 1940ರಲ್ಲಿ, ಟೆಹರಾನಿನಲ್ಲಿ. ತೀರಿಕೊಂಡದ್ದು 2016ರಲ್ಲಿ. ಮಕ್ಕಳು ಮತ್ತು ತರುಣರ ಬೌದ್ಧಿಕ ವಿಕಾಸಕ್ಕಾಗಿ ಅಲ್ಲೊಂದು ಸಂಸ್ಥೆಯಿದೆ. ಅದನ್ನು ಚಿಕ್ಕದಾಗಿ 'ಕಾನೂನ್' ಎನ್ನುತ್ತಾರೆ. ನಮ್ಮ ಕಾನೂನಿಗೂ ಅದಕ್ಕೂ ಸಂಬಂಧವಿಲ್ಲ, ಇಲ್ಲಿ ಅದರ ಅರ್ಥ ಕೇಂದ್ರ ಎಂದು. ಆ ಸಂಸ್ಥೆಗಾಗಿ ಅವರು ನಿಮ್ಮ ವಯಸ್ಸಿನವರಿಗೆಂದೇ ಹಲವು ಕಿರುಚಿತ್ರಗಳನ್ನು ಮಾಡಿದರು. ಅವುಗಳಲ್ಲಿ ಒಂದು 1982ರ 'ಹಮ್‌ಸೊರಾಯಾನ್'. ಒಕ್ಕೊರಲಿನಲ್ಲಿ ಹಾಡುವವರು ಎಂದು ಅರ್ಥ. ಇದರ ಅವಧಿ ಸುಮಾರು 17 ನಿಮಿಷ.

ಕಥೆ ಸರಳ. ಒಬ್ಬ ಮುದುಕ. ಅವನಿಗೆ ಕಿವಿ ಮಂದ, ಶ್ರವಣಯಂತ್ರ ಹಾಕಿಕೊಳ್ಳುತ್ತಾನೆ. ಬೀದಿಯ ಗದ್ದಲ ಹೆಚ್ಚಾದಾಗ ಯಂತ್ರವನ್ನು ಕಿವಿಯಿಂದ ತೆಗೆಯುತ್ತಾನೆ. ಆ ಕ್ಷಣ ತೆರೆಯ ಮೇಲಿನ ಸದ್ದೂ ನಿಲ್ಲುತ್ತದೆ. ಅಲ್ಲಿಯವರೆಗೆ ಮುದುಕನನ್ನು ನೋಡುತ್ತಿದ್ದ ನಾವು ಈಗ ಅವನ ಕಿವಿಯೊಳಗೆ ಕುಳಿತಿದ್ದೇವೆ. ಮನೆಗೆ ಬಂದರೆ ಹೊರಗೆ ರಸ್ತೆ ಅಗೆಯುವ ಯಂತ್ರದ ಕರ್ಕಶ ಸದ್ದು. ಮುದುಕ ಮತ್ತೆ ಶ್ರವಣಯಂತ್ರ ತೆಗೆದಿಡುತ್ತಾನೆ. ಎಂಥ ನೆಮ್ಮದಿ! ಆದರೆ ಅದೇ ಹೊತ್ತಿಗೆ ಶಾಲೆಯಿಂದ ಬಂದ ಮೊಮ್ಮಕ್ಕಳು ಬಾಗಿಲ ಬಳಿ ನಿಂತಿದ್ದಾರೆ. ಗಂಟೆ ಒತ್ತುತ್ತಾರೆ, ಕೂಗುತ್ತಾರೆ, ಅಜ್ಜನಿಗೆ ಕೇಳಿಸದು. ದಾರಿಯಲ್ಲಿ ಹೋಗುವ ಬೇರೆ ಹುಡುಗಿಯರೂ ಬಂದು ಸೇರಿ, ಬಾಗಿಲು ತೆಗೆಯಿರೆಂದು ಒಟ್ಟಾಗಿ ಕೂಗತೊಡಗುತ್ತಾರೆ. ಕೊನೆಗೆ ಆ ಒಕ್ಕೊರಲು ಅಜ್ಜನನ್ನು ಕಿಟಕಿಗೆ ಕರೆತರುತ್ತದೆ.

ವಿಜ್ಞಾನದ ವಿದ್ಯಾರ್ಥಿಗಳು ಇಲ್ಲಿ ಒಂದು ಲೆಕ್ಕ ಮಾಡಬಹುದು. ಒಂದೇ ಗಟ್ಟಿತನದ ಹತ್ತು ದನಿಗಳು ಸೇರಿದರೆ ಸದ್ದಿನ ಶಕ್ತಿ ಹತ್ತು ಪಟ್ಟಾಗುತ್ತದೆ, ಮಾಪಕದಲ್ಲಿ 10 ಡೆಸಿಬಲ್ ಏರುತ್ತದೆ. ಆದರೆ ನಮ್ಮ ಕಿವಿಗೆ ಅದು ಹತ್ತು ಪಟ್ಟು ಜೋರಾಗಿ ಕೇಳುವುದಿಲ್ಲ, ಸುಮಾರು ಎರಡು ಪಟ್ಟು ಎನಿಸುತ್ತದೆ ಅಷ್ಟೆ. ಇದು ಭೌತಶಾಸ್ತ್ರ. ಗದ್ದಲಕ್ಕೆ ಕಿವಿ ಮುಚ್ಚಿಕೊಂಡರೆ ಬೇಕಾದವರ ಕರೆಯೂ ತಪ್ಪಿಹೋಗುತ್ತದೆ ಎಂಬುದು ಕಿಯರೊಸ್ತಮಿ ಅದಕ್ಕೆ ಸೇರಿಸಿದ ಮಾತು. ಅದನ್ನು ಅವರು ಯಾವ ಪಾತ್ರದ ಬಾಯಲ್ಲೂ ಹೇಳಿಸುವುದಿಲ್ಲ. ಸದ್ದನ್ನು ಆರಿಸಿ ಹಾಕುವುದರಲ್ಲೇ ಹೇಳುತ್ತಾರೆ.

ಸದ್ದು ತೆಗೆಯುವುದು ಬರಿಯ ಚಮತ್ಕಾರವಲ್ಲ ಎಂಬುದಕ್ಕೆ 1989ರ 'ಮಷ್ಕ್-ಎ-ಶಬ್' ನೋಡಿ. ಹೆಸರಿನ ಅರ್ಥ ಹೋಂವರ್ಕ್. ಟೆಹರಾನಿನ ಒಂದು ಶಾಲೆಯ ಹುಡುಗರನ್ನು ಮಾತನಾಡಿಸಿದ ಸಾಕ್ಷ್ಯಚಿತ್ರ ಇದು. ಒಂದೆಡೆ ಶಾಲೆಯ ಅಂಗಳದಲ್ಲಿ ಮಕ್ಕಳು ಸಾಲಾಗಿ ನಿಂತು ಧಾರ್ಮಿಕ ಪಠಣ ಮಾಡುತ್ತಿದ್ದಾರೆ. ಮಕ್ಕಳು ಮಕ್ಕಳೇ ಅಲ್ಲವೇ? ಒಬ್ಬ ಪಕ್ಕದವನನ್ನು ತಿವಿಯುತ್ತಾನೆ, ಇನ್ನೊಬ್ಬ ನಗುತ್ತಾನೆ. ಆಗ ನಿರ್ದೇಶಕರ ದನಿ ಕೇಳುತ್ತದೆ: ಪಠಣ ಸರಿಯಾಗಿ ನಡೆಯುತ್ತಿಲ್ಲ, ಆದ್ದರಿಂದ ಅದರ ಮೇಲಿನ ಗೌರವದಿಂದ ಇಲ್ಲಿ ಧ್ವನಿಯನ್ನು ತೆಗೆದುಹಾಕುತ್ತಿದ್ದೇವೆ ಎಂಬ ಅರ್ಥದ ಮಾತು. ಧ್ವನಿ ಹೋಗುತ್ತದೆ. ಉಳಿದದ್ದು ಚಿತ್ರ ಮಾತ್ರ. ಆಗ ಏನಾಯಿತು ಗೊತ್ತೇ? ಸದ್ದು ಹೋದೊಡನೆ ನಮ್ಮ ಕಣ್ಣು ಚುರುಕಾಯಿತು. ಒಬ್ಬೊಬ್ಬ ಹುಡುಗನ ಮುಖವೂ, ಅವನ ತುಂಟತನವೂ ಎದ್ದು ಕಾಣತೊಡಗಿತು. ಮುಚ್ಚುವ ನೆಪದಲ್ಲಿ ತೆರೆದು ತೋರಿಸಿದಂತಾಯಿತು.

ಮುಂದಿನ ಉದಾಹರಣೆ ಇನ್ನೂ ಸೂಕ್ಷ್ಮವಾದದ್ದು. 1990ರ 'ಕ್ಲೋಸಪ್' ನಡೆದ ಘಟನೆಯನ್ನು ಆಧರಿಸಿದೆ. ಹುಸೇನ್ ಸಬ್ಜಿಯಾನ್ ಎಂಬ ಬಡವನಿಗೆ ಸಿನಿಮಾದ ಹುಚ್ಚು. ಟೆಹರಾನಿನ ಒಂದು ಕುಟುಂಬದ ಮುಂದೆ ತಾನೇ ಪ್ರಸಿದ್ಧ ನಿರ್ದೇಶಕ ಮೊಹ್ಸಿನ್ ಮಖ್ಮಲ್‌ಬಾಫ್ ಎಂದು ಹೇಳಿಕೊಂಡು ಸಿಕ್ಕಿಬಿದ್ದ, ಸೆರೆಮನೆ ಸೇರಿದ. ವಿಚಾರಣೆಯಾಗಿ ಬಿಡುಗಡೆಯಾದ ದಿನ ಸೆರೆಮನೆಯ ಹೊರಗೆ ಅವನಿಗಾಗಿ ಕಾದಿದ್ದವರು ನಿಜವಾದ ಮಖ್ಮಲ್‌ಬಾಫ್! ಸಬ್ಜಿಯಾನ್ ಅತ್ತುಬಿಡುತ್ತಾನೆ. ಇಬ್ಬರೂ ಮೋಟಾರು ಸೈಕಲ್ ಏರಿ, ದಾರಿಯಲ್ಲಿ ಹೂವು ಕೊಂಡು, ಆ ಕುಟುಂಬದ ಕ್ಷಮೆ ಕೇಳಲು ಹೊರಡುತ್ತಾರೆ. ಚಿತ್ರತಂಡ ದೂರದಿಂದ ವ್ಯಾನಿನಲ್ಲಿ ಹಿಂಬಾಲಿಸುತ್ತದೆ. ಮಖ್ಮಲ್‌ಬಾಫ್ ಅವರ ಅಂಗಿಯಲ್ಲಿ ಸಣ್ಣ ಮೈಕು ಇದೆ. ಆದರೆ ಮಾತು ಬಿಟ್ಟು ಬಿಟ್ಟು ಕೇಳುತ್ತದೆ. ಮೈಕಿನ ಸಂಪರ್ಕ ಸರಿಯಿಲ್ಲ ಎಂದು ತಂಡದವರು ವ್ಯಾನಿನಲ್ಲಿ ಚಡಪಡಿಸುವುದೂ ಕೇಳುತ್ತದೆ.

ಅದು ನಿಜವಾಗಿ ಯಂತ್ರದ ದೋಷವಲ್ಲ, ಆಮೇಲೆ ಬೇಕೆಂದೇ ಹಾಗೆ ಮಾಡಿದ್ದು ಎಂದು ಕಿಯರೊಸ್ತಮಿ ಸಂದರ್ಶನಗಳಲ್ಲಿ ತಿಳಿಸಿದ್ದಾರೆ. ಚಿತ್ರೀಕರಣ ನಡೆಯುತ್ತಿದೆಯೆಂದು ಒಬ್ಬರಿಗೆ ಗೊತ್ತಿತ್ತು, ಇನ್ನೊಬ್ಬನಿಗೆ ಗೊತ್ತಿರಲಿಲ್ಲ, ಹೀಗಾಗಿ ಅವರ ಮಾತು ಹೊಂದಿಕೊಳ್ಳಲಿಲ್ಲ. ಕಾರಣ ಅದೇ ಇರಲಿ, ನೋಡುವ ನಮ್ಮ ಮೇಲೆ ಆಗುವ ಪರಿಣಾಮ ಬೇರೆಯೇ. ಊರೆಲ್ಲ ನಗುವಂತೆ ಅವಮಾನಕ್ಕೊಳಗಾದ ಒಬ್ಬ ಮನುಷ್ಯ, ತನ್ನ ಆರಾಧ್ಯ ವ್ಯಕ್ತಿಯ ಬೆನ್ನ ಹಿಂದೆ ಕುಳಿತು ಏನು ಹೇಳಿಕೊಂಡನೋ ಅದು ನಮಗೆ ಪೂರ್ತಿ ಕೇಳುವುದಿಲ್ಲ. ಕೇಳಬೇಕಾಗಿಯೂ ಇಲ್ಲ. ಮಾತು ನಿಂತ ಆ ಜಾಗಕ್ಕೆ ಸಂಗೀತ ಬರುತ್ತದೆ. ಅದು ಕಂಬೀಜ್ ರೋಶನ್‌ರವಾನ್ ರಚಿಸಿದ್ದು. 1974ರಲ್ಲಿ ಕಿಯರೊಸ್ತಮಿ ತೆಗೆದ 'ಪ್ರಯಾಣಿಕ' ಎಂಬ ಚಿತ್ರದಿಂದ ಎತ್ತಿಕೊಂಡದ್ದು. ಆ ಚಿತ್ರವೂ ಒಂದು ಆಸೆಯ ಬೆನ್ನು ಹತ್ತಿ ಸುಳ್ಳು ಹೇಳಿದ ಹುಡುಗನ ಕಥೆಯೇ.

ಇನ್ನು ಕಾಣದವರ ವಿಷಯ. 1999ರ 'ಗಾಳಿ ನಮ್ಮನ್ನು ಒಯ್ಯುವುದು' ಚಿತ್ರದ ಹೆಸರು ಕವಯಿತ್ರಿ ಫರೂಗ್ ಫರೂಖ್‌ಜಾದ್ ಅವರ ಕವಿತೆಯದು. ಕುರ್ದಿಸ್ತಾನದ ಬೆಟ್ಟದೂರಿಗೆ ಪಟ್ಟಣದಿಂದ ಒಂದು ತಂಡ ಬರುತ್ತದೆ. ಸಾಯುವ ಸ್ಥಿತಿಯಲ್ಲಿರುವ ಒಬ್ಬ ಮುದುಕಿಯ ಅಂತ್ಯಕ್ರಿಯೆಯ ಆಚರಣೆಗಳನ್ನು ಚಿತ್ರೀಕರಿಸಲು ಕಾಯುತ್ತದೆ. ಆ ಮುದುಕಿಯನ್ನು ನಾವು ನೋಡುವುದೇ ಇಲ್ಲ. ತಂಡದ ಉಳಿದವರ ಮಾತು ಮನೆಯೊಳಗಿಂದ ಕೇಳುತ್ತದೆ, ಮುಖ ಕಾಣುವುದಿಲ್ಲ. ಊರವರು ಇಂಜಿನಿಯರ್ ಎಂದು ಕರೆಯುವ ನಾಯಕನ ಮೊಬೈಲಿಗೆ ಕರೆ ಬಂದಾಗಲೆಲ್ಲ ಅವನು ಗುಡ್ಡದ ತುದಿಯ ಸ್ಮಶಾನಕ್ಕೆ ಜೀಪು ಓಡಿಸಬೇಕು. ಅಲ್ಲಿ ಯೂಸೆಫ್ ಎಂಬುವನು ಹಳ್ಳ ತೋಡುತ್ತಿದ್ದಾನೆ. ಅವನೂ ಬರಿಯ ದನಿ. ಹಳ್ಳದ ಆಳದಿಂದ ಮಾತಾಡುತ್ತಾನೆ, ಹಾಡಿಕೊಳ್ಳುತ್ತಾನೆ, ನಗುತ್ತಾನೆ.

ಹಳ್ಳದೊಳಗಿನ ಮನುಷ್ಯ ಕಾಣುವುದಿಲ್ಲ, ಅವನ ದನಿ ಮಾತ್ರ ಕೇಳುತ್ತದೆ. ಏಕೆ? ಸದ್ದು ಗಾಳಿಯಲ್ಲಿ ಸೆಕೆಂಡಿಗೆ ಸುಮಾರು 340 ಮೀಟರ್ ವೇಗದಲ್ಲಿ ಸಾಗುತ್ತದೆ. ಗಂಡಸಿನ ದನಿಯಲ್ಲಿರುವ 100 ಹರ್ಟ್ಜ್ ಸ್ವರದ ತರಂಗದೂರ 3.4 ಮೀಟರ್. ಬೆಳಕಿನ ತರಂಗದೂರ ಒಂದು ಮಿಲಿಮೀಟರಿನ ಸಾವಿರದಲ್ಲೊಂದು ಭಾಗಕ್ಕಿಂತಲೂ ಕಡಿಮೆ. ಉದ್ದನೆಯ ತರಂಗ ಅಂಚುಗಳನ್ನು ಬಳಸಿಕೊಂಡು ಬಾಗುತ್ತದೆ, ಚಿಕ್ಕದು ನೇರವಾಗಿ ಹೋಗುತ್ತದೆ. ಆದ್ದರಿಂದಲೇ ಗೋಡೆಯಾಚೆಯ, ತಿರುವಿನಾಚೆಯ ಲೋಕ ನಮಗೆ ಕಣ್ಣಿಗಿಂತ ಮೊದಲು ಕಿವಿಯಿಂದ ತಿಳಿಯುತ್ತದೆ. ಸಿನಿಮಾದ ತೆರೆಗೆ ನಾಲ್ಕು ಅಂಚುಗಳಿವೆ, ಸದ್ದಿಗೆ ಅಂಚಿಲ್ಲ. ತೆರೆಯ ಆಚೆಗೂ ಒಂದು ಊರಿದೆ ಎಂದು ನಾವು ನಂಬುವುದು ಸದ್ದಿನ ಬಲದಿಂದ. ಮುಂದೆ ಹಳ್ಳ ಕುಸಿದು ಯೂಸೆಫ್ ಅಪಾಯಕ್ಕೆ ಸಿಕ್ಕಿದಾಗ ನಮ್ಮ ಜೀವ ಹಾರುತ್ತದೆ. ಮುಖವನ್ನೇ ಕಾಣದ ಒಬ್ಬನಿಗಾಗಿ! ಅಷ್ಟು ಹೊತ್ತಿಗೆ ಅವನು ದನಿಯಿಂದಲೇ ನಮಗೆ ನೆಂಟನಾಗಿರುತ್ತಾನೆ.

ಈ ಚಿತ್ರದ ಸಂಗೀತ ಟೆಹರಾನಿನ ಪಿಯಾನೋ ವಾದಕ ಪೇಮಾನ್ ಯಜ್ದಾನಿಯಾನ್ ಅವರದು. ಜಾಫರ್ ಪನಾಹಿ ಅವರ 'ಕ್ರಿಮ್ಸನ್ ಗೋಲ್ಡ್' ಚಿತ್ರಕ್ಕೂ, ಚೀನಾದ ನಿರ್ದೇಶಕ ಲೋ ಯೆ ಅವರ 'ಸಮ್ಮರ್ ಪ್ಯಾಲೇಸ್' ಚಿತ್ರಕ್ಕೂ ಸಂಗೀತ ಕೊಟ್ಟವರು ಇವರು. ಇಲ್ಲಿ ಅವರ ಸಂಗೀತ ಎಷ್ಟು ಹೊತ್ತು ಕಾಯುತ್ತದೆ ಗಮನಿಸಿ. ಕೋಳಿ, ಮೇಕೆ, ಗಾಳಿ, ಜೀಪಿನ ಸದ್ದುಗಳೇ ಚಿತ್ರವನ್ನು ನಡೆಸುತ್ತವೆ. ಸ್ಮಶಾನದ ಹಳ್ಳದಲ್ಲಿ ಸಿಕ್ಕ ಒಂದು ಎಲುಬನ್ನು ನಾಯಕ ಕೊನೆಗೆ ತೊರೆಗೆ ಎಸೆಯುತ್ತಾನೆ. ಅದು ನೀರಿನಲ್ಲಿ ತೇಲಿ ಹೋಗುವಾಗ ಸಂಗೀತ ಬರುತ್ತದೆ. ಅಷ್ಟು ಕಾದು ಬಂದದ್ದರಿಂದ ಅದಕ್ಕೆ ಬೆಲೆ ಬಂದಿದೆ. ಅಸ್ಗರ್ ಫರ್ಹಾದಿ ಅವರ 2011ರ 'ಎ ಸೆಪರೇಷನ್' ಕೂಡ ಹೀಗೆಯೇ. ಅದರಲ್ಲಿ ಸತ್ತಾರ್ ಓರಕಿ ಅವರ ಸಂಗೀತ ಕೊನೆಯ ಹೆಸರುಪಟ್ಟಿಯವರೆಗೆ ಕಾದಿರುತ್ತದೆ. ಗಂಡ ಸರಿಯೋ ಹೆಂಡತಿ ಸರಿಯೋ ಎಂದು ಪಿಟೀಲು ಹೇಳಿಕೊಡುವುದಿಲ್ಲ. ತೀರ್ಪು ನಿಮ್ಮದು.

ಇರಾನಿನ ಚಿತ್ರಗಳಲ್ಲೆಲ್ಲ ಸಂಗೀತ ಕಡಿಮೆ ಎಂದು ತಿಳಿಯಬೇಡಿ. ಓಬೋ ವಾದಕರೂ ಆದ ಮಜೀದ್ ಎಂತೆಜಾಮಿ ಅವರು ಯುದ್ಧದ ನೋವಿನ ಕಥೆಯಾದ 'ಕರ್ಖೆಯಿಂದ ರೈನ್‌ವರೆಗೆ' ಚಿತ್ರಕ್ಕೆ 1993ರಲ್ಲಿ ಕೊಟ್ಟ ಸಂಗೀತ ಮನೆಮಾತಾಯಿತು. ತಾರ್ ವಾದ್ಯದ ದೊಡ್ಡ ವಿದ್ವಾಂಸ ಹುಸೇನ್ ಅಲಿಜಾದೆ ಅವರು ಮಖ್ಮಲ್‌ಬಾಫ್ ಅವರ 1996ರ 'ಗಬ್ಬೆ' ಚಿತ್ರಕ್ಕೆ ಸಂಗೀತ ರಚಿಸಿದರು. ಅದು ಅಲೆಮಾರಿಗಳು ನೇಯುವ ಜಮಖಾನೆಯ ಬಣ್ಣಗಳಂತೆ ಉಜ್ವಲವಾಗಿದೆ. ಸಂಗೀತ ಇರಬೇಕೋ ಬೇಡವೋ ಎಂಬುದಕ್ಕಿಂತ, ಅದು ನಮ್ಮ ಪರವಾಗಿ ಯೋಚಿಸುತ್ತಿದೆಯೋ ನಮ್ಮೊಡನೆ ಯೋಚಿಸುತ್ತಿದೆಯೋ ಎಂಬುದನ್ನು ನೋಡಬೇಕು.

ಧ್ವನಿಯೇ ಇಡೀ ಚಿತ್ರವಾದರೆ? ಆ ಪ್ರಯೋಗವೂ ನಡೆಯಿತು. 2008ರ 'ಶಿರೀನ್' ಚಿತ್ರದಲ್ಲಿ ನಮಗೆ ಕಾಣುವುದು ಚಿತ್ರಮಂದಿರದಲ್ಲಿ ಕುಳಿತ ನೂರಕ್ಕೂ ಹೆಚ್ಚು ಹೆಂಗಸರ ಮುಖಗಳು ಮಾತ್ರ. ಎಲ್ಲರೂ ನಟಿಯರು. ಅವರು ನೋಡುತ್ತಿರುವುದು ಹನ್ನೆರಡನೆಯ ಶತಮಾನದ ಕವಿ ನಿಜಾಮಿ ಗಂಜವಿಯ ಖುಸ್ರೋ-ಶಿರೀನರ ಪ್ರೇಮಕಥೆಯ ಸಿನಿಮಾ. ನಮಗೆ ಅದು ಕೇಳುತ್ತದೆ, ಕಾಣುವುದಿಲ್ಲ. ಕುದುರೆಗಳ ಓಟ, ಯುದ್ಧದ ಗದ್ದಲ, ನೀರಿನ ಸದ್ದು, ಶಿರೀನಳ ಅಳಲು. ಸ್ವಾರಸ್ಯವೆಂದರೆ ಅಂಥ ಸಿನಿಮಾ ಇಲ್ಲವೇ ಇಲ್ಲ! ನಟಿಯರು ಕಿಯರೊಸ್ತಮಿ ಅವರ ಮನೆಯಲ್ಲಿ ಕುಳಿತು ಖಾಲಿ ಹಾಳೆಯ ಕಡೆ ನೋಡುತ್ತ ತಮ್ಮ ಮನಸ್ಸಿನ ನೆನಪುಗಳಿಗೆ ಅತ್ತವರು, ನಕ್ಕವರು. ಯಾವ ಕಥೆ ಎಂದು ಗೊತ್ತಾದದ್ದು ಆಮೇಲೆ. ಇಲ್ಲದ ಆ ಸಿನಿಮಾವನ್ನು ನಮ್ಮ ತಲೆಯೊಳಗೆ ಕಟ್ಟಿಕೊಟ್ಟವರು ಧ್ವನಿ ವಿನ್ಯಾಸಕ ಮೊಹಮ್ಮದ್ ರೆಜಾ ದೆಲ್‌ಪಾಕ್. ಆಕಾಶವಾಣಿಯ ನಾಟಕಗಳನ್ನು ಕೇಳಿ ಬೆಳೆದ ನಿಮ್ಮ ಅಪ್ಪ ಅಮ್ಮಂದಿರಿಗೆ ಈ ಜಾದೂ ಗೊತ್ತು. ಎರಡು ತೆಂಗಿನ ಚಿಪ್ಪು ಬಡಿದರೆ ಕುದುರೆ ಓಡುತ್ತಿತ್ತು, ಗರಿಗರಿ ಕಾಗದ ಮುದುರಿದರೆ ಬೆಂಕಿ ಉರಿಯುತ್ತಿತ್ತು.

ದೆಲ್‌ಪಾಕ್ ಕೆಲಸ ಮಾಡಿದ ಇನ್ನೊಂದು ಚಿತ್ರ 2003ರ 'ಫೈವ್'. ಅದರ ಕೊನೆಯ ಭಾಗದಲ್ಲಿ ರಾತ್ರಿಯ ಕೊಳ, ನೀರಿನಲ್ಲಿ ಚಂದ್ರನ ಬಿಂಬ, ಕಪ್ಪೆಗಳ ವಟಗುಟ್ಟುವಿಕೆ, ಗುಡುಗು, ಮಳೆ, ಬೆಳಗಿನ ಕೋಳಿ ಕೂಗು. ಒಂದೇ ರಾತ್ರಿ ಕ್ಯಾಮೆರಾ ಇಟ್ಟು ಸುಮ್ಮನೆ ತೆಗೆದಂತೆ ಕಾಣುತ್ತದೆ. ವಾಸ್ತವದಲ್ಲಿ ಅದು ಹಲವು ರಾತ್ರಿಗಳ ತುಣುಕುಗಳನ್ನು ಹೊಲಿದದ್ದು. ಕಪ್ಪೆಗಳ ಮೇಳವನ್ನೂ ವಾದ್ಯವೃಂದದಂತೆ ಪದರ ಪದರವಾಗಿ ಜೋಡಿಸಲಾಗಿದೆ. ಹಾಗಿದ್ದ ಮೇಲೆ ಅದನ್ನು ಸಂಗೀತ ಎನ್ನಬೇಕೋ ಸದ್ದು ಎನ್ನಬೇಕೋ? ಉತ್ತರ ನಿಮಗೇ ಬಿಟ್ಟದ್ದು.

ಕೊನೆಯದಾಗಿ ಒಬ್ಬ ಹುಡುಗನ ಪರಿಚಯ ಮಾಡಿಕೊಡುತ್ತೇನೆ. ಮಜೀದ್ ಮಜೀದಿ ಅವರ 1999ರ 'ರಂಗ್-ಎ-ಖೊದಾ', ಅಂದರೆ ದೇವರ ಬಣ್ಣ, ಹೊರದೇಶಗಳಲ್ಲಿ 'ದಿ ಕಲರ್ ಆಫ್ ಪ್ಯಾರಡೈಸ್' ಎಂದು ಹೆಸರಾಯಿತು. ಎಂಟು ವರ್ಷದ ಮೊಹಮ್ಮದ್ ಟೆಹರಾನಿನ ಅಂಧ ಮಕ್ಕಳ ಶಾಲೆಯಲ್ಲಿ ಓದುತ್ತಾನೆ. ಆ ಪಾತ್ರ ಮಾಡಿದ ಮೊಹ್ಸಿನ್ ರಮೆಜಾನಿಗೂ ಕಣ್ಣು ಕಾಣದು. ಚಿತ್ರ ಶುರುವಾಗುವುದು ಕಪ್ಪು ತೆರೆಯ ಮೇಲೆ: ಕ್ಯಾಸೆಟ್ಟುಗಳ ಸದ್ದು, ಇದು ಯಾರದು ಎಂದು ಕೇಳುವ ಮೇಷ್ಟ್ರ ದನಿ. ರಜೆಗೆ ಕರೆದೊಯ್ಯಲು ಅಪ್ಪ ಬರುವುದನ್ನು ಕಾಯುತ್ತ ಕುಳಿತ ಹುಡುಗನಿಗೆ ಗೂಡಿನಿಂದ ಬಿದ್ದ ಹಕ್ಕಿಮರಿಯ ಚೀರು ಕೇಳುತ್ತದೆ. ಬೆಕ್ಕನ್ನು ಓಡಿಸಿ, ಎಲೆಗಳ ನಡುವೆ ತಡಕಾಡಿ, ಮರಿಯನ್ನು ಜೇಬಿನಲ್ಲಿಟ್ಟುಕೊಂಡು, ಮರ ಹತ್ತಿ ಗೂಡಿಗೆ ಸೇರಿಸುತ್ತಾನೆ. ಮುಂದೆ ಊರಿನಲ್ಲಿ ಮರಕುಟಿಗ ಕುಟ್ಟುವ ಸದ್ದನ್ನು ಬ್ರೈಲ್ ಅಕ್ಷರಗಳಂತೆ ಓದಲು ಯತ್ನಿಸುತ್ತಾನೆ. ಅವನ ಅಪ್ಪನಿಗೆ ಎರಡು ಕಣ್ಣೂ ಇವೆ. ಆದರೆ ಮಗ ತನಗೊಂದು ಹೊರೆ ಎಂಬುದನ್ನು ಬಿಟ್ಟು ಬೇರೇನೂ ಅವನಿಗೆ ಕಾಣುತ್ತಿಲ್ಲ. ಈ ಚಿತ್ರದಲ್ಲಿ ಕೇಳಬಲ್ಲವನು ಯಾರು, ಕಿವುಡ ಯಾರು ಎಂಬುದನ್ನು ಧ್ವನಿಪಥವೇ ಹೇಳುತ್ತದೆ.

ಮಿತ್ರರೇ, ಇಂದು ನಿಮ್ಮ ಕೈಯಲ್ಲಿರುವ ಮೊಬೈಲಿನಲ್ಲೇ ಒಂದು ಮೈಕು ಇದೆ. ಅದರಿಂದ ಎರಡು ಕೆಲಸ ಮಾಡಿ ನೋಡಿ. ಮೊದಲನೆಯದು, ನಿಮ್ಮ ಶಾಲೆಯ ಅಂಗಳದಲ್ಲೋ ಬಸ್ ನಿಲ್ದಾಣದಲ್ಲೋ ಎರಡು ನಿಮಿಷದ ಸದ್ದು ಮುದ್ರಿಸಿ. ಮನೆಗೆ ಬಂದು ಕೇಳಿ, ಅಲ್ಲಿದ್ದಾಗ ನಿಮಗೆ ಕೇಳಿಸದೆ ಈಗ ಕೇಳಿಸಿದ್ದು ಏನೇನು ಎಂದು ಪಟ್ಟಿ ಮಾಡಿ. ಎರಡನೆಯದು, ನಿಮಗೆ ಮೆಚ್ಚುಗೆಯಾದ ಒಂದು ಸಿನಿಮಾದ ದೃಶ್ಯವನ್ನು ಮೊದಲು ಸದ್ದಿಲ್ಲದೆ ನೋಡಿ, ಆಮೇಲೆ ಚಿತ್ರವಿಲ್ಲದೆ ಕೇಳಿ. ಸಂಗೀತ ಎಲ್ಲಿ ನಿಮಗೆ ಅಳು ಎಂದು ಅಪ್ಪಣೆ ಕೊಡುತ್ತಿದೆ, ಎಲ್ಲಿ ಸುಮ್ಮನಿದ್ದು ನಿಮ್ಮನ್ನು ನಂಬುತ್ತಿದೆ ಎಂದು ಗುರುತು ಹಾಕಿಕೊಳ್ಳಿ. ನಿಮ್ಮ ಪಟ್ಟಿಯನ್ನು ಗೆಳೆಯರ ಪಟ್ಟಿಯೊಡನೆ ಹೋಲಿಸಿ. ಒಂದೇ ಜಾಗದಲ್ಲಿ ನಿಂತವರೂ ಒಂದೇ ಲೋಕವನ್ನು ಕೇಳಿರುವುದಿಲ್ಲ ಎಂಬುದು ನಿಮಗೇ ತಿಳಿಯುತ್ತದೆ.